ಕ್ರಾಂತಿಗೆ ಮುಂಚಿನ ಫ್ರಾನ್ಸ್: ರಾಜ, ಚರ್ಚ್, ಜನ – ಪದೇ ಪದೇ ಕೇಳುವ ಪ್ರಶ್ನೆಗಳು

ಫ್ರಾನ್ಸಿನ ಕ್ರಾಂತಿಯ ಬಗ್ಗೆ ಶಾಲೆಯಲ್ಲಿ ಎಲ್ಲರೂ ಓದಿರುತ್ತೇವೆ. ಅದಕ್ಕೆ ಮುಂಚೆ ಆ ದೇಶ ಹೇಗೆ ನಡೆಯುತ್ತಿತ್ತು ಅನ್ನುವುದಕ್ಕೆ ಮಾತ್ರ ಪಾಠದಲ್ಲಿ ಜಾಸ್ತಿ ಜಾಗ ಸಿಗುವುದಿಲ್ಲ. ದರ್ಪದ ರಾಜ, ಹಸಿದ ಜನ, ಮೆರೆಯುವ ಅರಮನೆ – ಇಷ್ಟರಲ್ಲಿ ಮುಗಿದುಹೋಗುತ್ತದೆ. ಅಸಲಿ ಕಥೆ ಇದಕ್ಕಿಂತ ಸಿಕ್ಕುಸಿಕ್ಕಾಗಿದೆ, ಇದಕ್ಕಿಂತ ನೋವಿನದೂ ಹೌದು. ಆ ರಾಜ್ಯದಲ್ಲಿ ನೀವು ಯಾರು, ಯಾವ ಊರಿನವರು, ಯಾವ ಧರ್ಮದವರು ಅನ್ನುವುದರ ಮೇಲೆ ನಿಮಗೆ ಅನ್ವಯಿಸುವ ಕಾನೂನೇ ಬದಲಾಗುತ್ತಿತ್ತು. ಆ ರಾಜ್ಯವನ್ನು ಶತಮಾನಗಳ ಕಾಲ ಹಿಡಿದು ನಿಲ್ಲಿಸಿದ್ದು ಈ ವಿನಾಯಿತಿಗಳೇ, ಕೊನೆಗೆ ಮುಳುಗಿಸಿದ್ದೂ ಅವೇ. ಕೆಳಗಿನ ಉತ್ತರಗಳನ್ನು ಓದುವಾಗ ಈ ಮಾತು ನೆನಪಿರಲಿ.

ಹಳೆಯ ರಾಜಪ್ರಭುತ್ವ ಅಂದರೆ ಯಾವ ಕಾಲ?

ಸಾಮಾನ್ಯವಾಗಿ 16ನೇ ಶತಮಾನದಿಂದ 1789ರವರೆಗಿನ ಕಾಲ. ಆ ಕಾಲದಲ್ಲಿ ಬದುಕಿದ್ದವರು ತಮ್ಮದು 'ಹಳೆಯ' ವ್ಯವಸ್ಥೆ ಅಂದುಕೊಂಡಿರಲಿಲ್ಲ. ಅದು ಬಿದ್ದ ಮೇಲೆ ಕ್ರಾಂತಿಯವರು ಕೊಟ್ಟ ಹೆಸರು ಅದು. ಇಲ್ಲಿ ನಾವು ಹೆಚ್ಚಾಗಿ ನೋಡುವುದು 14ನೇ ಲೂಯಿ (1643–1715), 15ನೇ ಲೂಯಿ (1715–1774), 16ನೇ ಲೂಯಿ (1774ರಿಂದ) – ಈ ಮೂವರ ಕಾಲವನ್ನು. ಕೊನೆಗಾಲದಲ್ಲಿ ದೇಶದ ಜನಸಂಖ್ಯೆ ಸುಮಾರು 2 ಕೋಟಿ 80 ಲಕ್ಷ ಇತ್ತು.

ಮೂರು ವರ್ಗಗಳು ಅಂತಾರಲ್ಲ, ಏನವು?

ಮೊದಲನೆಯದು ಚರ್ಚಿನವರು, ಎರಡನೆಯದು ಕುಲೀನರು, ಮೂರನೆಯದು ಉಳಿದವರೆಲ್ಲ. ಮೊದಲ ಎರಡು ವರ್ಗ ಸೇರಿಸಿದರೂ ನೂರಕ್ಕೆ ಇಬ್ಬರೋ ಮೂವರೋ ಆಗುತ್ತಿದ್ದರು. ಮೂರನೇ ವರ್ಗದಲ್ಲಿ ಕೂಲಿಯವನೂ ಇದ್ದ, ಬೋರ್ಡೊ ಬಂದರಿನ ಕೋಟ್ಯಧಿಪತಿ ವ್ಯಾಪಾರಿಯೂ ಇದ್ದ, ವಕೀಲನೂ ಇದ್ದ. ಅಂದರೆ ಇದು ದುಡ್ಡಿನ ಲೆಕ್ಕ ಅಲ್ಲ, ದರ್ಜೆಯ ಲೆಕ್ಕ. ಸಾಲದಲ್ಲಿ ಮುಳುಗಿ ಹರಿದ ಕೋಟು ಹಾಕಿಕೊಂಡ ಹಳ್ಳಿಯ ಕುಲೀನನಿಗೂ ಕತ್ತಿ ಕಟ್ಟುವ ಹಕ್ಕಿತ್ತು, 'ತಾಯ್' ಅನ್ನುವ ಮುಖ್ಯ ನೇರ ತೆರಿಗೆಯಿಂದ ವಿನಾಯಿತಿಯೂ ಇತ್ತು. ಪಕ್ಕದ ಮನೆಯ ಸಿರಿವಂತ ರೈತನಿಗೆ ಎರಡೂ ಇರಲಿಲ್ಲ.

ಇನ್ನೊಂದು ವಿಷಯ. ಹೀಗೆ ವಿನಾಯಿತಿ ಇದ್ದದ್ದು ಮೇಲಿನ ಎರಡು ವರ್ಗಕ್ಕೆ ಮಾತ್ರ ಅಲ್ಲ. ಪ್ಯಾರಿಸ್‌ನಂಥ ದೊಡ್ಡ ಊರುಗಳಿಗೆ ತಾಯ್ ಇರಲಿಲ್ಲ. ಬ್ರಿಟನಿ ಪ್ರಾಂತ್ಯಕ್ಕೆ ಉಪ್ಪಿನ ತೆರಿಗೆ ಇರಲಿಲ್ಲ. ವೃತ್ತಿ ಸಂಘಗಳಿಗೆ ಅವುಗಳದ್ದೇ ಕಟ್ಟಳೆ. ಎಲ್ಲರೂ ತಮ್ಮ ಪಾಲಿನ ಚಿಕ್ಕ ವಿನಾಯಿತಿಯನ್ನು ಎದೆಗವಚಿಕೊಂಡು ಕೂತಿದ್ದರು. ಸುಧಾರಣೆ ಅಂದ ಕೂಡಲೇ ಕೂಗೆಬ್ಬಿಸಿದ್ದು ದೊಡ್ಡವರಷ್ಟೇ ಅಲ್ಲ ಅನ್ನುವುದು ಇದರಿಂದ ಅರ್ಥವಾಗುತ್ತದೆ.

ಪಾದ್ರಿಗಳೆಲ್ಲ ಶ್ರೀಮಂತರಾಗಿದ್ದರಾ?

ಖಂಡಿತ ಇಲ್ಲ. ಚರ್ಚ್ ಶ್ರೀಮಂತವಾಗಿತ್ತು, ನಿಜ. ದೇಶದ ಭೂಮಿಯಲ್ಲಿ ಹತ್ತಿರ ಹತ್ತಿರ ಹತ್ತನೇ ಒಂದು ಭಾಗ ಅದರ ಕೈಯಲ್ಲಿತ್ತು. ಅದರ ಮೇಲೆ ರೈತರ ಬೆಳೆಯಲ್ಲಿ ದಶಾಂಶ ಬರುತ್ತಿತ್ತು. ಮಾಮೂಲಿ ತೆರಿಗೆ ಕಟ್ಟುವ ಬದಲು ಚರ್ಚಿನವರ ಸಭೆ ಐದು ವರ್ಷಕ್ಕೊಮ್ಮೆ ಸೇರಿ, ತಾನೇ ತೀರ್ಮಾನಿಸಿದ ಮೊತ್ತವನ್ನು ರಾಜನಿಗೆ 'ಕಾಣಿಕೆ' ಅಂತ ಕೊಡುತ್ತಿತ್ತು.

ಆದರೆ ಆ ದುಡ್ಡು ಹಳ್ಳಿಯ ಪಾದ್ರಿಯ ಮನೆ ಬಾಗಿಲಿಗೆ ಬರುತ್ತಿರಲಿಲ್ಲ. ದಶಾಂಶದ ದೊಡ್ಡ ಪಾಲು ಎಷ್ಟೋ ಕಡೆ ದೂರದ ಮಠಕ್ಕೋ ಬಿಷಪ್ಪನಿಗೋ ಹೋಗುತ್ತಿತ್ತು. ಅಂಥ ಕಡೆ ಹಳ್ಳಿ ಪಾದ್ರಿಗೆ ಸಿಗುತ್ತಿದ್ದದ್ದು ನಿಗದಿತ ಸಂಬಳ. ಅದು 1768ರಲ್ಲಿ ವರ್ಷಕ್ಕೆ 500 ಲೀವ್ರ್ (ಆಗಿನ ಫ್ರೆಂಚ್ ಹಣ), 1786ರಲ್ಲಿ 700 ಲೀವ್ರ್. ಸ್ಟ್ರಾಸ್‌ಬರ್ಗಿನ ಬಿಷಪ್ ಕಾರ್ಡಿನಲ್ ರೊಹಾನ್‌ನ ಆದಾಯ ಲಕ್ಷಗಳಲ್ಲಿತ್ತು. 1789ರ ಹೊತ್ತಿಗೆ ಬಿಷಪ್ಪರು ಹೆಚ್ಚುಕಡಿಮೆ ಎಲ್ಲರೂ ಕುಲೀನ ಮನೆತನದವರೇ. ರೈತನ ಮಗ ಪಾದ್ರಿ ಆಗಬಹುದಿತ್ತು. ಆದರೆ ಬಿಷಪ್ ಆಗುವ ಬಾಗಿಲು ಮುಚ್ಚಿತ್ತು.

ಈ ಹಳ್ಳಿ ಪಾದ್ರಿಗಳನ್ನು ಮರೆಯಬೇಡಿ. 1789ರಲ್ಲಿ ಮೂರೂ ವರ್ಗದ ಪ್ರತಿನಿಧಿಗಳ ಸಭೆಯನ್ನು (ಎಸ್ಟೇಟ್ಸ್ ಜನರಲ್) ರಾಜ ಕರೆದಿದ್ದ. ಆ ಜೂನಿನಲ್ಲಿ ಚರ್ಚಿನ ಪ್ರತಿನಿಧಿಗಳು ಸಣ್ಣ ಬಹುಮತದಿಂದ ಮೂರನೇ ವರ್ಗದ ಜೊತೆ ಸೇರಲು ತೀರ್ಮಾನಿಸಿದರಲ್ಲ, ಆ ಮತಗಳು ಬಹುಪಾಲು ಇವರದ್ದೇ.

ಕುಲೀನರಾಗಲು ಹುಟ್ಟಿನಿಂದಲೇ ಆಗಬೇಕಿತ್ತಾ?

ಇಲ್ಲ, ಕೊಂಡುಕೊಳ್ಳಬಹುದಿತ್ತು. ಸರ್ಕಾರಿ ಹುದ್ದೆಗಳನ್ನು ರಾಜನೇ ಮಾರುತ್ತಿದ್ದ. ನ್ಯಾಯಾಧೀಶನ ಹುದ್ದೆಯೂ ಮಾರಾಟಕ್ಕಿತ್ತು. 1604ರಿಂದ ಹುದ್ದೆಯ ಬೆಲೆಯ ಅರವತ್ತರಲ್ಲಿ ಒಂದು ಭಾಗವನ್ನು ಪ್ರತಿ ವರ್ಷ ಕಟ್ಟಿದರೆ ಆ ಹುದ್ದೆ ಮನೆಯ ಆಸ್ತಿಯ ಹಾಗೆ ಮಗನಿಗೆ ಹೋಗುತ್ತಿತ್ತು. 'ರಾಜನ ಕಾರ್ಯದರ್ಶಿ' ಅನ್ನುವ ಹುದ್ದೆ ಕೊಂಡು 20 ವರ್ಷ ಇಟ್ಟುಕೊಂಡರೆ, ಅಥವಾ ಹುದ್ದೆಯಲ್ಲಿದ್ದಾಗಲೇ ಸತ್ತರೆ, ಇಡೀ ಮನೆತನ ಕುಲೀನವಾಗುತ್ತಿತ್ತು. ಅದರಲ್ಲಿ ಕೆಲಸ ಅಂತ ಹೇಳಿಕೊಳ್ಳುವಂಥದ್ದು ಏನೂ ಇರಲಿಲ್ಲ.

ಹೀಗೆ ಮೇಲೆ ಬಂದವರನ್ನು ಕಂಡರೆ ಹಳೆಯ ಮನೆತನದವರಿಗೆ ಆಗುತ್ತಿರಲಿಲ್ಲ. 1781ರಲ್ಲಿ ಹೊಸ ನಿಯಮ ಬಂತು. ಸೈನ್ಯದಲ್ಲಿ ನೇರವಾಗಿ ಅಧಿಕಾರಿ ಆಗಬೇಕಾದರೆ ನಾಲ್ಕು ತಲೆಮಾರಿನ ಕುಲೀನತೆಯ ದಾಖಲೆ ತೋರಿಸಬೇಕು. ದುಡ್ಡು ಕೊಟ್ಟು ಒಳಗೆ ಬಂದವರ ಮಕ್ಕಳು ಮತ್ತೆ ಹೊರಗೆ ನಿಂತರು.

ರಾಜ ಮನಸ್ಸಿಗೆ ಬಂದಿದ್ದನ್ನು ಮಾಡಬಹುದಿತ್ತಾ?

ಪುಸ್ತಕದಲ್ಲಿ ಹೌದು, ನೆಲದ ಮೇಲೆ ಇಲ್ಲ. ರಾಜ ಹೊರಡಿಸಿದ ಕಾನೂನು ಜಾರಿಗೆ ಬರಬೇಕಾದರೆ 'ಪಾರ್ಲಮಾಂ' ಅನ್ನುವ ಉನ್ನತ ನ್ಯಾಯಾಲಯಗಳು ಅದನ್ನು ತಮ್ಮ ದಾಖಲೆಗೆ ಸೇರಿಸಿಕೊಳ್ಳಬೇಕಿತ್ತು. (ಹೆಸರು ಹಾಗೆ ಕೇಳಿಸಿದರೂ ಇವು ಜನ ಆರಿಸಿದ ಸಂಸತ್ತುಗಳಲ್ಲ.) ಒಪ್ಪದಿದ್ದರೆ ಅವು ಆಕ್ಷೇಪಣೆ ಬರೆದು ಕಳಿಸುತ್ತಿದ್ದವು. ಆಗ ರಾಜ ತಾನೇ ಬಂದು ಕೂತು ದಾಖಲಿಸಿ ಅಂತ ಹುಕುಂ ಮಾಡಬೇಕಿತ್ತು. ನ್ಯಾಯಾಧೀಶರು ಹುದ್ದೆಯನ್ನು ದುಡ್ಡು ಕೊಟ್ಟು ಕೊಂಡಿದ್ದವರು. ಅವರನ್ನು ಕಿತ್ತುಹಾಕಬೇಕಾದರೆ ಆ ದುಡ್ಡು ವಾಪಸ್ ಕೊಡಬೇಕು. ಖಜಾನೆಯಲ್ಲಿ ಅಷ್ಟು ದುಡ್ಡು ಎಲ್ಲಿತ್ತು?

1771ರಲ್ಲಿ ಮಂತ್ರಿ ಮೊಪು ಧೈರ್ಯ ಮಾಡಿ ಪ್ಯಾರಿಸ್ ಪಾರ್ಲಮಾಂನ ನ್ಯಾಯಾಧೀಶರನ್ನು ಗಡೀಪಾರು ಮಾಡಿ ಹೊಸ ನ್ಯಾಯಾಲಯ ಕಟ್ಟಿದ. ಮೂರು ವರ್ಷದಲ್ಲಿ 15ನೇ ಲೂಯಿ ತೀರಿಕೊಂಡ. ಆಗಷ್ಟೇ ಇಪ್ಪತ್ತು ತುಂಬಿದ ಹೊಸ ರಾಜ, ಜನರ ಮೆಚ್ಚುಗೆ ಬೇಕು ಅಂತ ಹಳಬರನ್ನು ಮತ್ತೆ ಕರೆಸಿಕೊಂಡ. ನನ್ನ ಪ್ರಕಾರ 16ನೇ ಲೂಯಿಯ ಮೊದಲ ದೊಡ್ಡ ತಪ್ಪು ಇದೇ. ಅದೇ ನ್ಯಾಯಾಲಯ 1787ರಲ್ಲಿ ಅವನ ಹೊಸ ತೆರಿಗೆಗೆ ಅಡ್ಡ ನಿಂತಿತು.

ರಾಜ ಕಾನೂನಿನ ಆಚೆ ಇರಲಿಲ್ಲ ಅನ್ನುವುದಕ್ಕೆ ಇನ್ನೊಂದು ಉದಾಹರಣೆ: ಉತ್ತರಾಧಿಕಾರ. ಸಿಂಹಾಸನ ಗಂಡುಮಕ್ಕಳಿಗೆ, ಗಂಡು ಸಂತತಿಯ ಮೂಲಕವೇ ಹೋಗಬೇಕು, ರಾಜ ಕ್ಯಾಥೊಲಿಕನಾಗಿರಬೇಕು. ಇದನ್ನು ಯಾವ ರಾಜನೂ ಬದಲಿಸುವಂತಿರಲಿಲ್ಲ.

ಉಪ್ಪಿನ ತೆರಿಗೆಯನ್ನು ಜನ ಯಾಕೆ ಅಷ್ಟು ದ್ವೇಷಿಸುತ್ತಿದ್ದರು?

ಆ ಇಡೀ ವ್ಯವಸ್ಥೆಯನ್ನು ಅರ್ಥ ಮಾಡಿಕೊಳ್ಳಲು ಇದೊಂದು ತೆರಿಗೆ ಸಾಕು ಅನ್ನುತ್ತೇನೆ ನಾನು. ಅದರ ಹೆಸರು ಗಾಬೆಲ್. ಉಪ್ಪು ರಾಜನ ಏಕಸ್ವಾಮ್ಯ. ಆದರೆ ಬೆಲೆ ಒಂದೊಂದು ಪ್ರಾಂತ್ಯಕ್ಕೆ ಒಂದೊಂದು. ಪ್ಯಾರಿಸ್ ಸುತ್ತಲಿನ ಉತ್ತರದ ಪ್ರಾಂತ್ಯಗಳಲ್ಲಿ 1780ರ ಸುಮಾರಿಗೆ ಒಂದು ಕ್ವಿಂಟಲ್ ಉಪ್ಪಿಗೆ (ಅವರ ಕ್ವಿಂಟಲ್ ಅಂದರೆ ನಮ್ಮ 49 ಕೆಜಿ) ಹತ್ತಿರ ಹತ್ತಿರ 60 ಲೀವ್ರ್. ಪಕ್ಕದ ಬ್ರಿಟನಿಯಲ್ಲಿ ಅದೇ ಉಪ್ಪು ಎರಡು ಮೂರು ಲೀವ್ರ್‌ಗೆ ಸಿಗುತ್ತಿತ್ತು. ಗಡಿಯ ಎರಡೂ ಕಡೆ ಒಬ್ಬನೇ ರಾಜನ ಪ್ರಜೆಗಳು.

ದುಬಾರಿ ಆದರೆ ಕಡಿಮೆ ಕೊಂಡರಾಯಿತು ಅನ್ನಬಹುದು. ಅದಕ್ಕೂ ಬಿಡುತ್ತಿರಲಿಲ್ಲ. ಉತ್ತರದ ಆ ಪ್ರಾಂತ್ಯಗಳಲ್ಲಿ ಎಂಟು ವರ್ಷ ಮೇಲ್ಪಟ್ಟ ಪ್ರತಿಯೊಬ್ಬರ ಲೆಕ್ಕದಲ್ಲಿ ವರ್ಷಕ್ಕೆ ಇಷ್ಟು ಉಪ್ಪು ಕೊಳ್ಳಲೇಬೇಕು. 1680ರ ಕಟ್ಟಳೆಯ ಪ್ರಕಾರ 14 ಜನಕ್ಕೆ ಒಂದು ಮಿನೊ (ಉಪ್ಪಿನ ಒಂದು ಅಳತೆ), ಅಂದರೆ ತಲೆಗೆ ಸುಮಾರು ಮೂರೂವರೆ ಕೆಜಿ. ಸರ್ಕಾರಿ ಉಗ್ರಾಣದಿಂದಲೇ ತರಬೇಕು. ತಂದಿದ್ದನ್ನು ಅಡುಗೆಗೆ, ಊಟಕ್ಕೆ ಮಾತ್ರ ಬಳಸಬೇಕು. ಚಳಿಗಾಲಕ್ಕೆ ಅಂತ ಹಂದಿ ಕೊಯ್ದು ಮಾಂಸಕ್ಕೆ ಉಪ್ಪು ಹಾಕಿಡಬೇಕಾದರೆ ಬೇರೆ ಉಪ್ಪು ಕೊಳ್ಳಬೇಕು, ಅದಕ್ಕೆ ಬೇರೆ ಚೀಟಿ. ಕಡ್ಡಾಯದ ಉಪ್ಪನ್ನು ಮಾಂಸಕ್ಕೆ ಹಾಕಿ ಸಿಕ್ಕಿಬಿದ್ದರೆ ದಂಡ. ಗಾಬೆಲ್ ಸಿಪಾಯಿಗಳು ಮನೆಗೆ ನುಗ್ಗಿ ಅಡುಗೆಮನೆ ತಡಕುತ್ತಿದ್ದರು.

ಇಷ್ಟು ಬೆಲೆ ವ್ಯತ್ಯಾಸ ಇದ್ದ ಕಡೆ ಕಳ್ಳಸಾಗಣೆ ಹುಟ್ಟದೇ ಇರುತ್ತದಾ? ಬ್ರಿಟನಿ ಮತ್ತು ಮೇನ್ ಪ್ರಾಂತ್ಯಗಳ ಗಡಿಯ ಹಳ್ಳಿಗಳಲ್ಲಿ ಅದೊಂದು ಕಸುಬೇ ಆಗಿತ್ತು. ಗಂಡಸರು ರಾತ್ರಿ ಗುಂಪುಗಟ್ಟಿ ಹೊರುತ್ತಿದ್ದರು. ಹೆಂಗಸರು ಬಟ್ಟೆಯೊಳಗೆ ಕಟ್ಟಿಕೊಂಡು ತರುತ್ತಿದ್ದರು. ಮಕ್ಕಳನ್ನೂ ಕಳಿಸುತ್ತಿದ್ದರು. ನಾಯಿಗಳ ಮೈಗೆ ಚೀಲ ಕಟ್ಟಿ ಗಡಿ ದಾಟಿಸುತ್ತಿದ್ದರು. ಸಿಕ್ಕಿಬಿದ್ದ ಗಂಡಸರಿಗೆ ದಂಡ, ಕಟ್ಟಲಾಗದಿದ್ದರೆ ಗ್ಯಾಲಿ ಹಡಗಿನಲ್ಲಿ ಹುಟ್ಟು ಹಾಕುವ ಶಿಕ್ಷೆ. ಆಯುಧ ಹಿಡಿದಿದ್ದರೆ ನೇಣೂ ಆಗಬಹುದಿತ್ತು.

ಈ ತೆರಿಗೆಯನ್ನು ವಸೂಲಿ ಮಾಡುತ್ತಿದ್ದದ್ದು ಸರ್ಕಾರ ಅಲ್ಲ, ಗುತ್ತಿಗೆದಾರರ ಕೂಟ. ಅವರು ರಾಜನಿಗೆ ಮುಂಗಡ ಕೊಟ್ಟು, ಆಮೇಲೆ ಜನರಿಂದ ಲಾಭ ಸಮೇತ ಎತ್ತುತ್ತಿದ್ದರು. ರಸಾಯನಶಾಸ್ತ್ರಜ್ಞ ಲವಾಸಿಯೆ ಕೂಡ ಅವರಲ್ಲೊಬ್ಬ. 1794ರ ಮೇ 8ರಂದು ಗಿಲೊಟಿನ್‌ಗೆ ಅವನ ತಲೆ ಹೋದದ್ದು ವಿಜ್ಞಾನದ ಕಾರಣಕ್ಕಲ್ಲ, ಈ ಗುತ್ತಿಗೆಯ ಕಾರಣಕ್ಕೆ.

ಕಥೆಗೆ ಇನ್ನೊಂದು ತಿರುವಿದೆ. 1790ರಲ್ಲಿ ಗಾಬೆಲ್ ರದ್ದಾದಾಗ ಗಡಿಯ ಕಳ್ಳಸಾಗಣೆದಾರರ ಹೊಟ್ಟೆಪಾಡೂ ಹೋಯಿತು. ಉಪ್ಪು ಸಾಗಿಸುತ್ತಿದ್ದ ಜಾನ್ ಕೊತ್ರೊ, ಜನ ಕರೆಯುತ್ತಿದ್ದ ಹೆಸರಿನಲ್ಲಿ ಜಾನ್ ಶುವಾನ್, ಮುಂದೆ ರಾಜನ ಪರವಾಗಿ ಕ್ರಾಂತಿಯ ವಿರುದ್ಧವೇ ದಂಗೆ ಎದ್ದ. ಪಶ್ಚಿಮ ಫ್ರಾನ್ಸಿನ ಆ ದೊಡ್ಡ ದಂಗೆಗೆ ಅವನ ಹೆಸರೇ ಅಂಟಿಕೊಂಡಿತು.

ರೈತನ ಮೇಲೆ ಇನ್ನೇನೇನು ಭಾರ ಇತ್ತು?

ರಾಜನಿಗೆ ತಾಯ್, ಚರ್ಚಿಗೆ ದಶಾಂಶ, ಊರಿನ ದೊರೆಗೆ ಗೇಣಿ ಮತ್ತು ಬೆಳೆಯಲ್ಲಿ ಪಾಲು. ಇದಲ್ಲದೆ ದೊರೆಯ ಗಿರಣಿಯಲ್ಲೇ ಹಿಟ್ಟು ಬೀಸಿಸಬೇಕು, ದೊರೆಯ ಒಲೆಯಲ್ಲೇ ಬ್ರೆಡ್ ಸುಡಿಸಬೇಕು, ಎರಡಕ್ಕೂ ದುಡ್ಡು. ರಾಜನ ರಸ್ತೆಗೆ ಬಿಟ್ಟಿ ದುಡಿಯಬೇಕು. ಬೇಟೆ ದೊರೆಗೆ ಮಾತ್ರ ಇದ್ದ ಹಕ್ಕು. ಹೊಲಕ್ಕೆ ಬಿದ್ದ ಮೊಲವನ್ನು ಹೊಡೆಯುವಂತಿರಲಿಲ್ಲ. ದೊರೆ ಸಾಕಿದ ಪಾರಿವಾಳಗಳು ಬಿತ್ತಿದ ಕಾಳು ಹೆಕ್ಕುತ್ತಿದ್ದರೆ ನೋಡಿಕೊಂಡು ನಿಲ್ಲಬೇಕು. 1789ರಲ್ಲಿ ಹಳ್ಳಿಗಳಿಂದ ಬಂದ ದೂರಿನ ಪಟ್ಟಿಗಳಲ್ಲಿ ಈ ಪಾರಿವಾಳ, ಮೊಲದ ವಿಷಯ ಮತ್ತೆ ಮತ್ತೆ ಬರುತ್ತದೆ. ಲೆಕ್ಕದಲ್ಲಿ ಅದು ಸಣ್ಣ ನಷ್ಟ ಇರಬಹುದು. ಆದರೆ ಅವಮಾನ ದಿನಾ ಕಣ್ಣೆದುರಿಗೇ.

ಹಾಗಂತ ಎಲ್ಲರೂ ಜೀತದಾಳುಗಳಾಗಿರಲಿಲ್ಲ. ಬಹುತೇಕ ರೈತರು ಸ್ವತಂತ್ರರು, ಸಾಕಷ್ಟು ಜನಕ್ಕೆ ಸ್ವಂತ ತುಂಡು ಭೂಮಿಯೂ ಇತ್ತು. ಪೂರ್ವದ ಕೆಲವು ಭಾಗಗಳಲ್ಲಿ ಮಾತ್ರ ಜೀತ ಉಳಿದಿತ್ತು. ತನ್ನ ಸ್ವಂತ ಜಮೀನುಗಳಲ್ಲಿದ್ದ ಜೀತವನ್ನು 16ನೇ ಲೂಯಿ 1779ರಲ್ಲಿ ತೆಗೆದುಹಾಕಿದ.

"ಬ್ರೆಡ್ ಇಲ್ಲದಿದ್ದರೆ ಕೇಕ್ ತಿನ್ನಲಿ" ಅಂತ ರಾಣಿ ನಿಜವಾಗಿ ಹೇಳಿದಳಾ?

ಇಲ್ಲ. ಯಾರೋ ಒಬ್ಬ ರಾಜಕುಮಾರಿ ಹೀಗೆ ಹೇಳಿದಳು ಅನ್ನುವ ಮಾತನ್ನು ಲೇಖಕ ರೂಸೋ ಬರೆದಾಗ, ಮುಂದೆ 16ನೇ ಲೂಯಿಯ ರಾಣಿಯಾದ ಮರಿ ಆಂಟೊನೆಟ್ ಇನ್ನೂ ಆಸ್ಟ್ರಿಯಾದಲ್ಲಿದ್ದ ಹುಡುಗಿ.

ಬ್ರೆಡ್ಡಿನ ಕಷ್ಟ ಮಾತ್ರ ನಿಜ. 1693–94ರ ಬರದಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಜನ ಸತ್ತರು. 1709ರ ಚಳಿಗೆ ಬಿತ್ತಿದ ಬೀಜ ನೆಲದಲ್ಲೇ ಸತ್ತುಹೋಯಿತು, ಮತ್ತೆ ಲಕ್ಷಗಟ್ಟಲೆ ಸಾವು. 1774ರಲ್ಲಿ ಮಂತ್ರಿ ಟುರ್ಗೊ ಧಾನ್ಯದ ವ್ಯಾಪಾರದ ಮೇಲಿನ ನಿರ್ಬಂಧ ತೆಗೆದ. ಆ ವರ್ಷ ಬೆಳೆ ಕೆಟ್ಟಿತು, ಬೆಲೆ ಏರಿತು, 1775ರ ವಸಂತದಲ್ಲಿ ಪ್ಯಾರಿಸ್ ಸುತ್ತಮುತ್ತ 'ಹಿಟ್ಟಿನ ಯುದ್ಧ' ಅನ್ನುವ ಗಲಭೆಗಳು ಎದ್ದವು. ಗಮನಿಸಬೇಕಾದ್ದು ಏನೆಂದರೆ, ಎಷ್ಟೋ ಕಡೆ ಜನ ಸುಮ್ನೆ ಲೂಟಿ ಮಾಡಲಿಲ್ಲ. ಧಾನ್ಯ ವಶಕ್ಕೆ ತೆಗೆದುಕೊಂಡು, ತಮಗೆ ನ್ಯಾಯ ಅನ್ನಿಸಿದ ಬೆಲೆಗೆ ಮಾರಿಸಿ, ದುಡ್ಡನ್ನು ಮಾಲೀಕನಿಗೇ ಕೊಟ್ಟರು. ರಾಜ ಅಂದಮೇಲೆ ಜನಕ್ಕೆ ಕೈಗೆಟುಕುವ ಬೆಲೆಗೆ ಬ್ರೆಡ್ ಸಿಗುವ ಹಾಗೆ ನೋಡಿಕೊಳ್ಳಬೇಕು ಅನ್ನುವುದು ಅವರ ಗಟ್ಟಿ ನಂಬಿಕೆ. 1789ರ ಜುಲೈನಲ್ಲಿ ಪ್ಯಾರಿಸ್‌ನಲ್ಲಿ ನಾಲ್ಕು ಪೌಂಡಿನ ಬ್ರೆಡ್ಡಿಗೆ ಹದಿನಾಲ್ಕೂವರೆ ಸೂ (ಲೀವ್ರ್‌ಗಿಂತ ಚಿಕ್ಕ ನಾಣ್ಯ) ಆಗಿತ್ತು. ಕೂಲಿಯವನ ದಿನದ ಸಂಪಾದನೆ 20ರಿಂದ 30 ಸೂ.

ರಾಜನಿಗೂ ಧರ್ಮಕ್ಕೂ ಏನು ಸಂಬಂಧ?

ಬಿಡಿಸಲಾಗದ ಸಂಬಂಧ. ರ್‍ಯಾಂಸ್ ಊರಿನ ದೊಡ್ಡ ಚರ್ಚಿನಲ್ಲಿ ಪಟ್ಟಾಭಿಷೇಕ. ಸ್ವರ್ಗದಿಂದ ಬಂದದ್ದು ಅಂತ ನಂಬಿದ್ದ ಪವಿತ್ರ ತೈಲವನ್ನು ರಾಜನಿಗೆ ಹಚ್ಚುತ್ತಿದ್ದರು. ಹಾಗೆ ಅಭಿಷೇಕ ಆದ ರಾಜನ ಕೈಗೆ ಕಂಠಮಾಲೆ ರೋಗ ವಾಸಿ ಮಾಡುವ ಶಕ್ತಿ ಬರುತ್ತದೆ ಅನ್ನುವ ನಂಬಿಕೆ ಇತ್ತು. ಕುತ್ತಿಗೆಯ ಗಂಟುಗಳು ಊದಿ ಕೀವಾಗುವ ರೋಗ ಅದು. ದೇಶದ ಮೂಲೆಮೂಲೆಯಿಂದ ರೋಗಿಗಳು ನಡೆದು ಬರುತ್ತಿದ್ದರು. ರಾಜ ಒಬ್ಬೊಬ್ಬರ ಮುಖ ಮುಟ್ಟಿ, ರಾಜ ನಿನ್ನನ್ನು ಮುಟ್ಟುತ್ತಾನೆ, ದೇವರು ನಿನ್ನನ್ನು ವಾಸಿ ಮಾಡಲಿ ಅನ್ನುತ್ತಿದ್ದ. 1775ರ ಜೂನಿನಲ್ಲಿ ಪಟ್ಟವಾದ ಮೇಲೆ 16ನೇ ಲೂಯಿ ಸುಮಾರು 2,400 ರೋಗಿಗಳನ್ನು ಹೀಗೆ ಮುಟ್ಟಿದ. ಕ್ರಾಂತಿಗೆ ಇನ್ನು ಹದಿನಾಲ್ಕೇ ವರ್ಷ!

ಆದರೆ ನಡುವೆ ಒಂದು ದೊಡ್ಡ ಬಿರುಕು ಬಿಟ್ಟಿತ್ತು. ಮುಟ್ಟುವ ಮುಂಚೆ ರಾಜ ಪಾಪನಿವೇದನೆ ಮಾಡಿ ಪ್ರಸಾದ ತೆಗೆದುಕೊಳ್ಳಬೇಕಿತ್ತು. 15ನೇ ಲೂಯಿ ಪ್ರೇಯಸಿಯರನ್ನು ಬಿಡಲು ತಯಾರಿರಲಿಲ್ಲ. ಹಾಗಾಗಿ 1739ರ ಈಸ್ಟರ್‌ನಿಂದ ರೋಗಿಗಳನ್ನು ಮುಟ್ಟುವುದನ್ನೇ ನಿಲ್ಲಿಸಿದ. ನಡೆದು ಬಂದ ಬಡವರು ಬರಿಗೈಲಿ ಹೋದರು. ರಾಜಪ್ರಭುತ್ವದ ಮೇಲಿನ ಭಕ್ತಿ ಕರಗಲು ದೊಡ್ಡ ತತ್ವಜ್ಞಾನಿಗಳ ಬರಹವೇ ಕಾರಣ ಅಂತ ಬಹಳ ಜನ ಹೇಳುತ್ತಾರೆ. ಇಂಥ ಘಟನೆಗಳೂ ಅಷ್ಟೇ ಕೆಲಸ ಮಾಡಿರಬೇಕು ಅಂತ ನನಗೆ ಅನ್ನಿಸುತ್ತದೆ.

ಚರ್ಚ್ ಪೋಪರ ಮಾತು ಕೇಳುತ್ತಿತ್ತಾ, ರಾಜನ ಮಾತಾ?

ನಂಬಿಕೆಯಲ್ಲಿ ಪೋಪರದ್ದು, ನೇಮಕದಲ್ಲಿ ರಾಜನದ್ದು. 1516ರ ಒಪ್ಪಂದದಿಂದ ಬಿಷಪ್ಪರನ್ನು ಸೂಚಿಸುವ ಹಕ್ಕು ರಾಜನಿಗೆ ಬಂತು. 1682ರಲ್ಲಿ ಫ್ರೆಂಚ್ ಚರ್ಚಿನವರೇ ಸಭೆ ಸೇರಿ, ಲೌಕಿಕ ವಿಷಯಗಳಲ್ಲಿ ಪೋಪರಿಗೆ ರಾಜನ ಮೇಲೆ ಅಧಿಕಾರ ಇಲ್ಲ ಅಂತ ಸಾರಿದರು.

ಪ್ರಾಟೆಸ್ಟೆಂಟರ ಗತಿ ಏನಾಯಿತು?

1562ರಿಂದ 1598ರವರೆಗೆ ಕ್ಯಾಥೊಲಿಕರಿಗೂ ಪ್ರಾಟೆಸ್ಟೆಂಟರಿಗೂ (ಹ್ಯೂಗನಾಟ್ ಅಂತಲೂ ಕರೆಯುತ್ತಾರೆ) ಮೇಲಿಂದ ಮೇಲೆ ಯುದ್ಧ ನಡೆಯಿತು. 1572ರ ಆಗಸ್ಟ್ 24ರಂದು ಪ್ಯಾರಿಸ್‌ನಲ್ಲಿ ಶುರುವಾದ ಹತ್ಯಾಕಾಂಡದಲ್ಲಿ ಸಾವಿರಾರು ಜನ ಸತ್ತರು. ಸಿಂಹಾಸನಕ್ಕಾಗಿ ಕ್ಯಾಥೊಲಿಕನಾದ ನಾಲ್ಕನೇ ಹೆನ್ರಿ 1598ರಲ್ಲಿ ನಾಂಟ್ ಶಾಸನ ಹೊರಡಿಸಿದ. ಪ್ರಾಟೆಸ್ಟೆಂಟರಿಗೆ ಗೊತ್ತುಮಾಡಿದ ಕಡೆ ಪೂಜೆ, ಸರ್ಕಾರಿ ಹುದ್ದೆ, ಕೋಟೆ ಇಟ್ಟುಕೊಳ್ಳುವ ಊರುಗಳು ಸಿಕ್ಕವು. ಇದೂ ಒಂದು ವಿನಾಯಿತಿಯೇ, ಹಕ್ಕಲ್ಲ. ಕೊಟ್ಟ ರಾಜನ ಮೊಮ್ಮಗನೇ ಅದನ್ನು ಕಿತ್ತುಕೊಂಡ.

1681ರಿಂದ ಪ್ವಾಟು ಪ್ರಾಂತ್ಯದಲ್ಲಿ ಸೈನಿಕರನ್ನು ಪ್ರಾಟೆಸ್ಟೆಂಟರ ಮನೆಯಲ್ಲಿ ಬಿಡಾರ ಹೂಡಿಸಿದರು. ಧರ್ಮ ಬಿಡುವವರೆಗೂ ಅವರು ತಿಂದು, ಒಡೆದು, ಹೊಡೆದು ಅಲ್ಲೇ ಇರುತ್ತಿದ್ದರು. ಊರಿಗೆ ಊರೇ ಮತಾಂತರ ಆಯಿತು ಅಂತ ವರದಿ ಹೋಯಿತು. 1685ರ ಅಕ್ಟೋಬರಿನಲ್ಲಿ 14ನೇ ಲೂಯಿ ಆ ಶಾಸನವನ್ನೇ ರದ್ದು ಮಾಡಿದ. ಪ್ರಾರ್ಥನಾ ಮಂದಿರಗಳು ನೆಲಸಮ. ಪಾಸ್ಟರುಗಳು (ಪ್ರಾಟೆಸ್ಟೆಂಟ್ ಧರ್ಮಗುರುಗಳು) 15 ದಿನದಲ್ಲಿ ಮತ ಬದಲಿಸಬೇಕು ಅಥವಾ ದೇಶ ಬಿಡಬೇಕು. ಸಾಮಾನ್ಯರು ದೇಶ ಬಿಡುವ ಹಾಗೂ ಇಲ್ಲ, ಬಿಟ್ಟು ಸಿಕ್ಕಿಬಿದ್ದರೆ ಗಂಡಸರಿಗೆ ಗ್ಯಾಲಿ ಹಡಗು. ಆದರೂ ಒಂದೂವರೆಯಿಂದ ಎರಡು ಲಕ್ಷ ಜನ ತಪ್ಪಿಸಿಕೊಂಡು ಹಾಲೆಂಡ್, ಇಂಗ್ಲೆಂಡ್, ಜರ್ಮನ್ ನಾಡುಗಳಿಗೆ ಓಡಿದರು.

ಉಳಿದವರ ಸ್ಥಿತಿ ಇನ್ನೂ ವಿಚಿತ್ರ. ಆ ಕಾಲದಲ್ಲಿ ಹುಟ್ಟು, ಮದುವೆ, ಸಾವು ಬರೆಯುವ ದಫ್ತರ ಊರಿನ ಕ್ಯಾಥೊಲಿಕ್ ಪಾದ್ರಿಯ ಹತ್ತಿರ ಇರುತ್ತಿತ್ತು. ಬೇರೆ ದಾಖಲೆಯೇ ಇಲ್ಲ. ದೇಶದಲ್ಲಿ ಪ್ರಾಟೆಸ್ಟೆಂಟರೇ ಇಲ್ಲ ಅಂತ ಕಾನೂನು ಅಂದುಕೊಂಡಿತ್ತು. ಕಾಡುಮೇಡಿನಲ್ಲಿ ಗುಟ್ಟಾಗಿ ಪಾಸ್ಟರ್ ಮುಂದೆ ಮದುವೆಯಾದವರು ಕಾನೂನಿನ ಕಣ್ಣಲ್ಲಿ ಗಂಡ ಹೆಂಡತಿ ಅಲ್ಲ. ಅವರ ಮಕ್ಕಳು ಅಕ್ರಮ ಸಂತಾನ. ಅಪ್ಪ ಸತ್ತರೆ ದೂರದ ಕ್ಯಾಥೊಲಿಕ್ ದಾಯಾದಿ ಬಂದು ಆಸ್ತಿ ನನ್ನದು ಅನ್ನಬಹುದಿತ್ತು. ನೂರು ವರ್ಷ ಹೀಗೇ ನಡೆಯಿತು.

ಮರಿ ಡ್ಯೂರಾಂಡ್ ಅನ್ನುವ ಹೆಣ್ಣುಮಗಳ ಅಣ್ಣ ಗುಪ್ತ ಪಾಸ್ಟರ್ ಆಗಿದ್ದ. 1730ರಲ್ಲಿ, ಇನ್ನೂ ಹತ್ತೊಂಬತ್ತರ ಹತ್ತಿರ ವಯಸ್ಸಿನಲ್ಲಿ, ಅವಳನ್ನು ಎಗ್‌ಮೋರ್ಟ್ ಊರಿನ ಕಾನ್‌ಸ್ಟಾನ್ಸ್ ಗೋಪುರದಲ್ಲಿ ಕೂಡಿಹಾಕಿದರು. ಅಣ್ಣನನ್ನು 1732ರಲ್ಲಿ ಗಲ್ಲಿಗೇರಿಸಿದರು. ಧರ್ಮ ಬಿಡುತ್ತೇನೆ ಅಂದಿದ್ದರೆ ಅವತ್ತೇ ಬಿಡುಗಡೆ ಸಿಗುತ್ತಿತ್ತು. ಅವಳು ಅನ್ನಲಿಲ್ಲ. 38 ವರ್ಷ ಅಲ್ಲೇ ಇದ್ದಳು. ಗೋಪುರದ ಕಲ್ಲಿನಲ್ಲಿ 'ಎದುರಿಸಿ ನಿಲ್ಲಿ' ಅನ್ನುವ ಅರ್ಥದ ಒಂದೇ ಪದ ಕೆತ್ತಿದೆ, ಅವಳೇ ಕೆತ್ತಿದ್ದು ಅಂತ ಪ್ರತೀತಿ. 1768ರಲ್ಲಿ ಹೊರಗೆ ಬಂದಳು.

ಕಲಾಸ್ ಪ್ರಕರಣ ಯಾಕೆ ಅಷ್ಟು ಮುಖ್ಯ?

1761ರ ಅಕ್ಟೋಬರ್ 13. ಟೂಲೂಸ್ ಊರಿನ ಪ್ರಾಟೆಸ್ಟೆಂಟ್ ಬಟ್ಟೆ ವ್ಯಾಪಾರಿ ಜಾನ್ ಕಲಾಸ್‌ನ ಅಂಗಡಿಯಲ್ಲಿ ಅವನ ದೊಡ್ಡ ಮಗ ಸತ್ತು ಬಿದ್ದಿದ್ದ. ಮಗ ಕಾನೂನು ಓದಿದ್ದ. ಆದರೆ ಕ್ಯಾಥೊಲಿಕ್ ಅನ್ನುವ ಪ್ರಮಾಣಪತ್ರ ಇಲ್ಲದೆ ವಕೀಲಿ ಮಾಡುವ ಹಾಗಿರಲಿಲ್ಲ. ಆತ್ಮಹತ್ಯೆ ಅಂತ ಗೊತ್ತಾದರೆ ಹೆಣವನ್ನು ಬೀದಿಯಲ್ಲಿ ಎಳೆಯುತ್ತಿದ್ದ ಕಾಲ ಅದು. ಹಾಗಾಗಿ ಮನೆಯವರು ಮೊದಲು ಯಾರೋ ಕೊಂದರು ಅಂದರು, ಆಮೇಲೆ ನೇಣು ಹಾಕಿಕೊಂಡಿದ್ದ ಅಂದರು. ಹೊರಗೆ ಗುಂಪಿನಲ್ಲಿ ಯಾರೋ ಕೂಗಿದರು: ಮಗ ಕ್ಯಾಥೊಲಿಕ್ ಆಗಲು ಹೊರಟಿದ್ದ, ಅದಕ್ಕೇ ಅಪ್ಪ ಕೊಂದ!

ಆ ಒಂದು ಕೂಗೇ ಮೊಕದ್ದಮೆ ಆಯಿತು. ಮಗನ ಹೆಣವನ್ನು ಹುತಾತ್ಮನಂತೆ ಮೆರವಣಿಗೆಯಲ್ಲಿ ಒಯ್ದು ಕ್ಯಾಥೊಲಿಕ್ ವಿಧಿಯಲ್ಲಿ ಹೂತರು. 1762ರ ಮಾರ್ಚ್ 10ರಂದು, 63 ವರ್ಷದ ಅಪ್ಪನನ್ನು ಚಕ್ರಕ್ಕೆ ಕಟ್ಟಿ ಮೂಳೆ ಮುರಿದು ಕೊಂದರು. ಕೊನೆಯ ಉಸಿರಿನವರೆಗೂ ಅವನು ತಪ್ಪು ಮಾಡಿಲ್ಲ ಅಂದ. ಅದೇ ಊರಿನಲ್ಲಿ ಹಿಂದಿನ ತಿಂಗಳಷ್ಟೇ ರೊಷೆತ್ ಅನ್ನುವ ಪಾಸ್ಟರನ್ನು ನೇಣಿಗೆ ಹಾಕಿದ್ದರು.

ಹೆಸರಾಂತ ಲೇಖಕ ವೊಲ್ಟೇರ್ ಇದನ್ನು ಕೈಗೆತ್ತಿಕೊಂಡ. ಪತ್ರ ಬರೆದ, ದುಡ್ಡು ಒಟ್ಟು ಮಾಡಿದ, ವಕೀಲರನ್ನು ಹಿಡಿದ, ಯುರೋಪಿನ ದೊರೆಗಳಿಗೆಲ್ಲ ವಿಷಯ ಮುಟ್ಟಿಸಿದ. 1765ರ ಮಾರ್ಚ್ 9ರಂದು ಕಲಾಸ್ ನಿರಪರಾಧಿ ಅಂತ ತೀರ್ಪು ಬಂತು. ರಾಜನೇ ಮನೆಯವರಿಗೆ ಪರಿಹಾರ ಕೊಟ್ಟ. ನ್ಯಾಯಾಲಯದ ತಪ್ಪನ್ನು ಸಾರ್ವಜನಿಕ ಅಭಿಪ್ರಾಯ ತಿದ್ದಬಹುದು ಅಂತ ಜನ ಕಣ್ಣಾರೆ ಕಂಡರು. ಕೊನೆಗೆ 1787ರ ನವೆಂಬರಿನಲ್ಲಿ 16ನೇ ಲೂಯಿ ಪ್ರಾಟೆಸ್ಟೆಂಟರ ಹುಟ್ಟು, ಮದುವೆ, ಸಾವನ್ನು ಕಾನೂನುಬದ್ಧವಾಗಿ ದಾಖಲಿಸಲು ಒಪ್ಪಿದ. ಬಹಿರಂಗ ಪೂಜೆಗೆ ಆಗಲೂ ಅನುಮತಿ ಇರಲಿಲ್ಲ.

ಯೆಹೂದಿಗಳು?

ಬೋರ್ಡೊ ಕಡೆಯವರಿಗೆ ಸಾಕಷ್ಟು ಅನುಕೂಲ ಇತ್ತು, ಅಲ್ಸಾಸ್ ಕಡೆಯವರಿಗೆ ಬಹಳ ಕಷ್ಟ. ಅಲ್ಲಿ ಯೆಹೂದಿಗಳು ದನಕರುಗಳಿಗೆ ಕಟ್ಟುವ ಹಾಗೆ ತಮ್ಮ ತಲೆಗೂ ಸುಂಕ ಕಟ್ಟಿ ಓಡಾಡಬೇಕಿತ್ತು. ಅದು ಹೋದದ್ದು 1784ರಲ್ಲಿ. ಎಲ್ಲರಿಗೂ ಪೌರತ್ವ ಸಿಕ್ಕಿದ್ದು 1791ರಲ್ಲಿ.

ಫ್ರಾನ್ಸಿನಲ್ಲಿ ಗುಲಾಮಗಿರಿ ಇತ್ತಾ?

ಫ್ರಾನ್ಸಿನ ನೆಲದಲ್ಲಿ ಇಲ್ಲ ಅನ್ನುತ್ತಿದ್ದರು, ವಸಾಹತುಗಳಲ್ಲಿ ಭೀಕರವಾಗಿ ಇತ್ತು. ನಾಂಟ್ ಶಾಸನ ರದ್ದಾದ 1685ರಲ್ಲೇ ಗುಲಾಮರ ಬಗ್ಗೆ 'ಕಪ್ಪು ಸಂಹಿತೆ' ಬಂತು. ಅದರ ಮೊದಲ ಕಲಮು ಯೆಹೂದಿಗಳನ್ನು ದ್ವೀಪಗಳಿಂದ ಓಡಿಸಲು. ಎರಡನೆಯದು ಗುಲಾಮರಿಗೆಲ್ಲ ಕ್ಯಾಥೊಲಿಕ್ ದೀಕ್ಷೆ ಕೊಡಲು. 1789ರ ಹೊತ್ತಿಗೆ ಇವತ್ತಿನ ಹೈಟಿಯಲ್ಲೇ ನಾಲ್ಕೂವರೆ ಲಕ್ಷಕ್ಕೂ ಹೆಚ್ಚು ಗುಲಾಮರಿದ್ದರು. ಬೋರ್ಡೊ, ನಾಂಟ್ ಊರುಗಳ ಚೆಂದದ ಕಲ್ಲಿನ ಮನೆಗಳ ಹಿಂದೆ ಈ ಸಕ್ಕರೆಯ ದುಡ್ಡಿದೆ.

ಕ್ಯಾಥೊಲಿಕರು ತಮ್ಮತಮ್ಮಲ್ಲಿ ಒಗ್ಗಟ್ಟಾಗಿದ್ದರಾ?

ಇಲ್ಲವೇ ಇಲ್ಲ. ಜಾನ್ಸೆನಿಸ್ಟರು ಅನ್ನುವ ಕಟ್ಟುನಿಟ್ಟಿನ ಪಂಗಡಕ್ಕೂ ಜೆಸ್ಯುಟರು ಅನ್ನುವ ಪಾದ್ರಿಗಳ ಸಂಘಕ್ಕೂ ನೂರು ವರ್ಷದ ಜಗಳ. ದೇವರ ಕೃಪೆ ಇಲ್ಲದೆ ಮನುಷ್ಯ ತನ್ನಿಂದ ತಾನೇ ಉದ್ಧಾರ ಆಗಲಾರ ಅನ್ನುವುದು ಜಾನ್ಸೆನಿಸ್ಟರ ವಾದ. 1713ರಲ್ಲಿ ಪೋಪರು ಇವರ 101 ಮಾತುಗಳನ್ನು ಖಂಡಿಸಿದರು. ಪ್ಯಾರಿಸ್‌ನ ಸೇಂಟ್ ಮೆಡಾರ್ ಸ್ಮಶಾನದಲ್ಲಿ ಈ ಪಂಗಡದ ಒಬ್ಬ ಧರ್ಮಸೇವಕನ ಸಮಾಧಿ ಇತ್ತು. ಅಲ್ಲಿ ಪವಾಡ ಆಗುತ್ತದೆ ಅಂತ ಜನ ಮುಗಿಬಿದ್ದರು, ಕೆಲವರಿಗೆ ಮೈಮೇಲೆ ಬರುತ್ತಿತ್ತು. 1732ರಲ್ಲಿ ಸರ್ಕಾರ ಸ್ಮಶಾನಕ್ಕೆ ಬೀಗ ಹಾಕಿತು. ಇಲ್ಲಿ ಪವಾಡ ಮಾಡಬಾರದು ಅಂತ ರಾಜ ದೇವರಿಗೇ ಆಜ್ಞೆ ಮಾಡಿದ್ದಾನೆ ಅಂತ ಯಾರೋ ಬಾಗಿಲ ಮೇಲೆ ಪದ್ಯ ಬರೆದರು.

1750ರ ಸುಮಾರಿಗೆ ಇದು ಸಾವಿನ ಹಾಸಿಗೆವರೆಗೂ ಬಂತು. ಪೋಪರ ಖಂಡನೆಯನ್ನು ಒಪ್ಪುವ ಪಾದ್ರಿಯಿಂದ ಚೀಟಿ ತರದಿದ್ದರೆ ಸಾಯುವವರಿಗೆ ಕೊನೆಯ ಸಂಸ್ಕಾರ ಇಲ್ಲ ಅಂದರು. ಪಾರ್ಲಮಾಂ ಜನರ ಪರ ನಿಂತು ಅಂಥ ಪಾದ್ರಿಗಳ ಮೇಲೆ ಕೇಸು ಹಾಕಿತು. ರಾಜನ ಆಜ್ಞೆಯನ್ನು ಪ್ರಶ್ನಿಸುವ ಭಾಷೆಯನ್ನು ಜನ ಕಲಿತದ್ದು ಬಹುಮಟ್ಟಿಗೆ ಈ ಧರ್ಮದ ಜಗಳದಲ್ಲೇ. 1764ರಲ್ಲಿ ಜೆಸ್ಯುಟರ ಸಂಘವನ್ನೇ ದೇಶದಲ್ಲಿ ರದ್ದು ಮಾಡಿದರು.

ಬಾಸ್ಟಿಲ್ ತುಂಬ ರಾಜಕೀಯ ಕೈದಿಗಳಿದ್ದರಾ?

ಬಾಸ್ಟಿಲ್ ಅಂದರೆ ಪ್ಯಾರಿಸ್‌ನ ಕೋಟೆ ಸೆರೆಮನೆ. ಜನ ಅದರ ಮೇಲೆ ನುಗ್ಗಿದ 1789ರ ಜುಲೈ 14ರಂದು ಅಲ್ಲಿದ್ದವರು ಏಳೇ ಜನ. ನಾಲ್ವರು ನಕಲಿ ದಾಖಲೆ ಮಾಡಿದವರು, ಇಬ್ಬರು ಬುದ್ಧಿಭ್ರಮಣೆಯವರು, ಒಬ್ಬ ಮನೆಯವರೇ ಕೇಳಿಕೊಂಡು ಒಳಗೆ ಹಾಕಿಸಿದ ಕುಲೀನ. ವಿಚಾರಣೆ ಇಲ್ಲದೆ ರಾಜಮುದ್ರೆಯ ಪತ್ರದಿಂದ ಯಾರನ್ನಾದರೂ ಕೂಡಿಹಾಕಬಹುದಿತ್ತು. ಅಂಥ ಪತ್ರಗಳಲ್ಲಿ ಬಹುಪಾಲು, ಮಾತು ಕೇಳದ ಮಗನನ್ನೋ ಮಗಳನ್ನೋ ಹದ್ದುಬಸ್ತಿನಲ್ಲಿಡಲು ಮನೆಯವರೇ ಅರ್ಜಿ ಹಾಕಿ ಪಡೆದವು.

ಈ ಕಥೆಗೂ ನಮ್ಮ ಮೈಸೂರಿಗೂ ಸಂಬಂಧ ಇದೆಯಾ?

ಇದೆ, ಅದೂ ಸರಿಯಾಗಿ ಕೊನೆಯ ಗಳಿಗೆಯಲ್ಲಿ. ಟಿಪ್ಪು ಸುಲ್ತಾನ್ 1787ರಲ್ಲಿ ಮೂವರು ರಾಯಭಾರಿಗಳನ್ನು ಪಾಂಡಿಚೇರಿಯಿಂದ ಹಡಗು ಹತ್ತಿಸಿದ: ಮುಹಮ್ಮದ್ ದರ್ವೇಶ್ ಖಾನ್, ಅಕ್ಬರ್ ಅಲಿ ಖಾನ್, ಮುಹಮ್ಮದ್ ಉಸ್ಮಾನ್ ಖಾನ್. 1788ರ ಜೂನಿನಲ್ಲಿ ಅವರು ಟೂಲೋನ್ ಬಂದರು ತಲುಪಿದರು. ಪ್ಯಾರಿಸ್‌ನಲ್ಲಿ ಇವರನ್ನು ನೋಡಲು ಜನ ಮುಗಿಬಿದ್ದರು. ರಾಣಿಯ ಚಿತ್ರಗಾರ್ತಿ ವಿಝೆ ಲ ಬ್ರೂನ್ ಇವರ ಚಿತ್ರ ಬರೆದಳು. ಆಗಸ್ಟ್ 10ರಂದು ವರ್ಸೇಲ್ಸ್ ಅರಮನೆಯಲ್ಲಿ 16ನೇ ಲೂಯಿ ದರ್ಬಾರು ಮಾಡಿ ಇವರನ್ನು ಬರಮಾಡಿಕೊಂಡ.

ಟಿಪ್ಪುವಿಗೆ ಬೇಕಿದ್ದದ್ದು ಬ್ರಿಟಿಷರ ವಿರುದ್ಧ ಸೈನ್ಯದ ನೆರವು. ಆದರೆ ದಿನಾಂಕಗಳನ್ನು ನೋಡಿ. ಎರಡು ದಿನ ಮುಂಚೆ, ಆಗಸ್ಟ್ 8ಕ್ಕೆ, 1614ರಿಂದ ಸೇರದೇ ಇದ್ದ ಎಸ್ಟೇಟ್ಸ್ ಜನರಲ್ ಸಭೆಯನ್ನು ಕರೆಯುತ್ತೇವೆ ಅಂತ ಸರ್ಕಾರ ಪ್ರಕಟಿಸಿತ್ತು. ಆರು ದಿನ ಆದ ಮೇಲೆ, ಆಗಸ್ಟ್ 16ಕ್ಕೆ, ಖಜಾನೆ ಪೂರ್ತಿ ನಗದು ಪಾವತಿ ಮಾಡಲಾಗದೆ ಕೈಚೆಲ್ಲಿತು. ಹೊಳೆಯುವ ಆ ದರ್ಬಾರಿನಲ್ಲಿ ನಿಂತಿದ್ದ ನಮ್ಮವರಿಗೆ ಎದುರಿಗಿದ್ದ ರಾಜ ದಿವಾಳಿ ಅಂತ ಹೇಗೆ ಗೊತ್ತಾಗಬೇಕು? ಸೈನ್ಯ ಸಿಗಲಿಲ್ಲ. ಸೆವ್ರ್ ಕಾರ್ಖಾನೆಯ ಪಿಂಗಾಣಿಯ ಉಡುಗೊರೆ ಮತ್ತು ಕೆಲವು ಕುಶಲಕರ್ಮಿಗಳು ಸಿಕ್ಕರು.

ಹಾಗಾದರೆ ದಿವಾಳಿ ಆಗಿದ್ದು ಅರಮನೆಯ ದುಂದುವೆಚ್ಚದಿಂದಲಾ?

ಅದೇ ದೊಡ್ಡ ತಪ್ಪು ತಿಳುವಳಿಕೆ. 1788ರ ಲೆಕ್ಕದಲ್ಲಿ ರಾಜಮನೆತನ ಮತ್ತು ಆಸ್ಥಾನದ ಖರ್ಚು ನೂರಕ್ಕೆ ಆರರಷ್ಟು. ಅರ್ಧದಷ್ಟು ಹೋಗುತ್ತಿದ್ದದ್ದು ಹಳೆಯ ಸಾಲದ ಕಂತು, ಬಡ್ಡಿಗೆ. ಸಾಲ ಆಗಿದ್ದು ಯುದ್ಧಗಳಿಂದ, ಅದರಲ್ಲೂ ಅಮೆರಿಕದವರ ಸ್ವಾತಂತ್ರ್ಯಕ್ಕೆ ಕೊಟ್ಟ ನೆರವಿನಿಂದ. ದೇಶ ಬಡವಾಗಿರಲಿಲ್ಲ. ದುಡ್ಡು ಇದ್ದ ಕಡೆಯಿಂದ ತೆಗೆದುಕೊಳ್ಳುವ ದಾರಿ ಇರಲಿಲ್ಲ.

1787ರ ಫೆಬ್ರವರಿಯಲ್ಲಿ ಮಂತ್ರಿ ಕಲೊನ್ ದೇಶದ ದೊಡ್ಡ ಮನುಷ್ಯರ ಸಭೆ ಕರೆದು, ಎಲ್ಲ ಭೂಮಿಗೂ, ಯಾರದೇ ಆಗಿರಲಿ, ಒಂದೇ ತೆರಿಗೆ ಹಾಕೋಣ ಅಂದ. ಅವರು ಲೆಕ್ಕ ತೋರಿಸು ಅಂದರು, ನಮಗೆ ಈ ಅಧಿಕಾರ ಇಲ್ಲ ಅಂದರು. ಏಪ್ರಿಲ್ ಹೊತ್ತಿಗೆ ಮಂತ್ರಿಯ ಕೆಲಸವೇ ಹೋಯಿತು. ಆಮೇಲೆ ಪಾರ್ಲಮಾಂ, ಇಂಥ ತೆರಿಗೆಗೆ ಎಸ್ಟೇಟ್ಸ್ ಜನರಲ್ ಮಾತ್ರ ಒಪ್ಪಿಗೆ ಕೊಡಬಹುದು ಅಂತ ಪಟ್ಟು ಹಿಡಿಯಿತು. ಜನ ಬೀದಿಯಲ್ಲಿ ಪಾರ್ಲಮಾಂಗೆ ಜೈಕಾರ ಹಾಕಿದರು. 1788ರ ಸೆಪ್ಟೆಂಬರಿನಲ್ಲಿ ಅದೇ ಪಾರ್ಲಮಾಂ, ಸಭೆ 1614ರ ಪದ್ಧತಿಯಲ್ಲೇ ಸೇರಬೇಕು ಅಂದಾಗ ಜೈಕಾರ ನಿಂತುಹೋಯಿತು. ಆ ಪದ್ಧತಿಯಲ್ಲಿ ವರ್ಗಕ್ಕೊಂದೇ ಮತ, ಮೇಲಿನ ಇಬ್ಬರು ಸೇರಿದರೆ ಮೂರನೆಯವರು ಸೋಲಲೇಬೇಕು.

ಇದೆಲ್ಲ ಒಂದೇ ರಾತ್ರಿಯಲ್ಲಿ ಹೋಯಿತಾ?

1789ರ ಆಗಸ್ಟ್ 4ರ ರಾತ್ರಿ ಅಂತ ಹೇಳುತ್ತಾರೆ. ಹಳ್ಳಿಗಳಲ್ಲಿ ದೊರೆಗಳ ಮನೆಗಳಿಗೆ ಬೆಂಕಿ ಬೀಳುತ್ತಿದ್ದ ಸುದ್ದಿ ಬರುತ್ತಿತ್ತು. ಆ ರಾತ್ರಿ ರಾಷ್ಟ್ರೀಯ ಸಭೆಯಲ್ಲಿ (ಎಸ್ಟೇಟ್ಸ್ ಜನರಲ್ ಈಗ ಇದಾಗಿ ಬದಲಾಗಿತ್ತು) ಒಬ್ಬರಾದ ಮೇಲೆ ಒಬ್ಬರು ಎದ್ದು ತಮ್ಮ ವಿನಾಯಿತಿಗಳನ್ನು ಬಿಟ್ಟುಕೊಟ್ಟರು. ಬೇಟೆಯ ಹಕ್ಕು, ಪಾರಿವಾಳದ ಗೂಡು, ದಶಾಂಶ, ಹುದ್ದೆಯ ಮಾರಾಟ, ಪ್ರಾಂತ್ಯಗಳ ವಿಶೇಷ ಕಟ್ಟಳೆ, ಎಲ್ಲ.

ಕಾಗದದ ಮೇಲೆ ಬಂದಾಗ ಲೆಕ್ಕ ಬೇರೆ ಆಯಿತು. ದೊರೆಗೆ ಕೊಡಬೇಕಿದ್ದ ಎಷ್ಟೋ ಬಾಕಿಗಳಿಂದ ಬಿಡುಗಡೆ ಬೇಕಾದರೆ ರೈತ ದುಡ್ಡು ಕಟ್ಟಿ ಬಿಡಿಸಿಕೊಳ್ಳಬೇಕು ಅಂದರು. ರೈತರು ಒಪ್ಪಲಿಲ್ಲ, ಕಟ್ಟಲೂ ಇಲ್ಲ. ಅದು ಪೂರ್ತಿ ರದ್ದಾಗಿದ್ದು 1793ರ ಜುಲೈನಲ್ಲಿ. 1789ರ ನವೆಂಬರಿನಲ್ಲಿ ಚರ್ಚಿನ ಆಸ್ತಿ ದೇಶದ ಆಸ್ತಿಯಾಯಿತು. 1790ರ ಜುಲೈನಲ್ಲಿ ಪಾದ್ರಿಗಳನ್ನು ಸಂಬಳದ ನೌಕರರನ್ನಾಗಿ ಮಾಡಿ, ಆಮೇಲೆ ಸಂವಿಧಾನಕ್ಕೆ ನಿಷ್ಠೆಯ ಪ್ರಮಾಣ ಮಾಡಿ ಅಂದರು. ಹಿಂದಿನ ವರ್ಷ ಮೂರನೇ ವರ್ಗದ ಕೈ ಹಿಡಿದಿದ್ದ ಹಳ್ಳಿ ಪಾದ್ರಿಗಳಲ್ಲಿ ಸುಮಾರು ಅರ್ಧ ಜನ ಪ್ರಮಾಣ ಮಾಡಲು ಒಪ್ಪಲಿಲ್ಲ. ಊರೂರು ಎರಡು ಪಾಲಾಯಿತು.

1790ರ ಡಿಸೆಂಬರಿನಲ್ಲಿ ಇನ್ನೊಂದು ಕಾನೂನು ಬಂತು, ಅದರ ಬಗ್ಗೆ ಯಾರೂ ಜಾಸ್ತಿ ಮಾತಾಡುವುದಿಲ್ಲ. ಧರ್ಮದ ಕಾರಣಕ್ಕೆ ದೇಶ ಬಿಟ್ಟವರ ಸಂತತಿಯವರು, ಎಷ್ಟನೇ ತಲೆಮಾರೇ ಆಗಿರಲಿ, ಫ್ರಾನ್ಸಿಗೆ ವಾಪಸ್ ಬಂದು ನೆಲೆಸಿ ಪೌರ ಪ್ರತಿಜ್ಞೆ ಮಾಡಿದರೆ ಅವರು ಫ್ರೆಂಚರೇ. ಗಡಿ ದಾಟಿ ಓಡಿದ ಹ್ಯೂಗನಾಟರ ಮರಿಮಕ್ಕಳು ಬರ್ಲಿನ್, ಲಂಡನ್, ಜಿನೀವಾಗಳಲ್ಲಿದ್ದರು. ಅಪ್ಪ ಅಜ್ಜಂದಿರ ಹೆಸರು ಹೇಳಿಕೊಂಡು ಅವರಲ್ಲಿ ಕೆಲವರು ವಾಪಸ್ ಬಂದರು.